ನೆಲದೊಳಗಿನ ನೀಲಗಿರಿ: ಮಕ್ಕಳಿಗೆ ಹೇಳಬೇಕಾದ ಒಂದು ಚರಿತ್ರೆ

ನೀಲಗಿರಿಯ ಚರಿತ್ರೆ ಎಂದೊಡನೆ ನಮ್ಮ ಮಕ್ಕಳು ಹೇಳುವ ಮಾತುಗಳು ಹೆಚ್ಚುಕಡಿಮೆ ಒಂದೇ ಬಗೆಯವು. ಕಲೆಕ್ಟರ್ ಜಾನ್ ಸಲ್ಲಿವನ್ ಬೆಟ್ಟವೇರಿ ಬಂದದ್ದು, ಕೆರೆ ಕಟ್ಟಿಸಿದ್ದು, ಬಂಗಲೆಗಳು ಎದ್ದದ್ದು, ಸಸ್ಯೋದ್ಯಾನ, ಚಹಾ ತೋಟ, ಪುಟಾಣಿ ರೈಲು ಇವೇ ಅವರ ಪಟ್ಟಿ. ಇವೆಲ್ಲವೂ ಸತ್ಯವೇ, ಆದರೆ ಇವೆಲ್ಲವೂ ನೆಲದ ಮೇಲಣ ಸಂಗತಿಗಳು. ಈ ಬೆಟ್ಟಗಳಿಗೆ ಒಳಗಿನದೊಂದು ಚರಿತ್ರೆಯೂ ಉಂಟು. ಗೂಡಲೂರಿನ ಕಡೆ ಚಿನ್ನಕ್ಕಾಗಿ ಕೊರೆದ ಗಣಿಗಳು, ಕಲ್ಲಾರಿನಿಂದ ಮೇಲೆ ರೈಲಿಗಾಗಿ ಒಡೆದ ಸುರಂಗಗಳು, ಕುಂದಾ ಮತ್ತು ಪೈಕಾರ ಯೋಜನೆಗಳಲ್ಲಿ ನೀರಿಗಾಗಿ ತೆರೆದ ಹಾದಿಗಳು, ಮಸಿನಗುಡಿಗೆ ಸಮೀಪದ ಸಿಂಗಾರದಲ್ಲಿ ಬಂಡೆಯ ಹೊಟ್ಟೆಯೊಳಗೆ ಕಟ್ಟಿದ ವಿದ್ಯುದಾಗಾರ ಇವು ಆ ಚರಿತ್ರೆಯ ಅಧ್ಯಾಯಗಳು. ಮನೆಯಲ್ಲಿ ದೀಪ ಹಾಕುವ ಮಗುವಿಗೆ ಆ ಬೆಳಕು ಯಾವ ಬೆಟ್ಟದ ಒಳಗಿನಿಂದ ಬಂತು, ಆ ಬೆಟ್ಟವನ್ನು ಯಾರು ಹೇಗೆ ಕೊರೆದರು ಎಂಬುದು ತಿಳಿಯದು. ಅದನ್ನು ತಿಳಿಸಿಕೊಡುವುದು ಹಿರಿಯರಾದ ನಮ್ಮ ಹೊಣೆ ಎಂಬುದೇ ಈ ಲೇಖನದ ಆಶಯ.

ಕಟ್ಟಡ ಕಟ್ಟುವುದನ್ನು ಮಕ್ಕಳು ದಿನವೂ ನೋಡುತ್ತಾರೆ. ಇಟ್ಟಿಗೆಯ ಮೇಲೆ ಇಟ್ಟಿಗೆ ಏರುವುದು ಅವರ ಕಣ್ಣ ಮುಂದೆಯೇ ನಡೆಯುತ್ತದೆ. ನೆಲದೊಳಗಿನ ಕಟ್ಟಡದ ನಡೆ ಬೇರೆ. ಅಲ್ಲಿ ಕೂಡಿಸುತ್ತ ಹೋಗುವುದಕ್ಕಿಂತ ತೆಗೆಯುತ್ತ ಹೋಗುವುದೇ ಮೊದಲ ಕೆಲಸ. ಎಷ್ಟು ತೆಗೆಯಬೇಕು, ಯಾವುದನ್ನು ಉಳಿಸಬೇಕು, ಉಳಿದದ್ದು ಮೇಲಿನ ಭಾರವನ್ನು ಹೊತ್ತು ನಿಲ್ಲುವಂತೆ ಮಾಡುವುದು ಹೇಗೆ ಎಂಬುದರಲ್ಲಿಯೇ ಆ ವಿದ್ಯೆಯೆಲ್ಲ ಅಡಗಿದೆ. ಕೆಲಸ ಮುಗಿದ ಮೇಲೆ ಅದು ಯಾರ ಕಣ್ಣಿಗೂ ಬೀಳದು. ಆದುದರಿಂದಲೇ ಇದನ್ನು ಬಾಯಿಮಾತಿನಿಂದ ಹೇಳಿಕೊಡಬೇಕಾಗಿದೆ.

ಮನೆಯಂಗಳದ ಮೊದಲ ಪಾಠ

ಈ ಪಾಠಕ್ಕೆ ಯಂತ್ರವೂ ಬೇಡ, ಪುಸ್ತಕವೂ ಬೇಡ. ಮರಳ ರಾಶಿಯ ಬಳಿ ಆಡುವ ಮಕ್ಕಳು ತಮ್ಮ ಅಂಗಾಲಿನ ಮೇಲೆ ಒದ್ದೆ ಮರಳನ್ನು ಗುಪ್ಪೆ ಮಾಡಿ ತಟ್ಟಿ, ಕಾಲನ್ನು ಮೆಲ್ಲನೆ ಹಿಂದಕ್ಕೆ ಎಳೆದುಕೊಂಡು ಗುಬ್ಬಿಗೂಡು ಕಟ್ಟುವುದನ್ನು ನಾವೆಲ್ಲರೂ ಬಲ್ಲೆವು. ಆ ಗೂಡಿನಲ್ಲಿ ಸುರಂಗ ವಿದ್ಯೆಯ ನಾಲ್ಕು ಸೂತ್ರಗಳಿವೆ. ಒಣ ಮರಳು ಕುಸಿಯುತ್ತದೆ, ಹದವಾಗಿ ಒದ್ದೆಯಾದ ಮರಳು ನಿಲ್ಲುತ್ತದೆ, ನೀರು ಮಿತಿಮೀರಿದರೆ ಮತ್ತೆ ಕುಸಿಯುತ್ತದೆ. ಚಾವಣಿ ತೆಳುವಾದರೆ ಬೀಳುತ್ತದೆ. ಚಪ್ಪಟೆಯಾದ ಮೇಲ್ಭಾಗಕ್ಕಿಂತ ಕಮಾನಿನಂತೆ ಬಾಗಿದ ಮೇಲ್ಭಾಗ ಗಟ್ಟಿ. ಕಾಲನ್ನು ಅವಸರದಲ್ಲಿ ಎಳೆದರೆ ಎಲ್ಲವೂ ಮುಗಿಯಿತು. ಇಬ್ಬರು ಮಕ್ಕಳು ರಾಶಿಯ ಎರಡು ಬದಿಗಳಿಂದ ಕೈಯಿಂದ ತೋಡುತ್ತ ಬಂದು ನಡುವೆ ಬೆರಳಿಗೆ ಬೆರಳು ತಾಗಿಸುವ ಆಟದಲ್ಲಿ ಐದನೆಯ ಸೂತ್ರವಿದೆ. ಎರಡು ಕಡೆಯಿಂದಲೂ ದಿಕ್ಕು ತಪ್ಪದಂತೆ ಸಾಗಬೇಕು, ಇಲ್ಲವಾದರೆ ಬೆರಳುಗಳು ಕೂಡುವುದಿಲ್ಲ.

ಎರಡನೆಯ ಪಾಠ ನಮ್ಮ ಮೈಸೂರು ಸೀಮೆಯ ಹಗೇವು. ರಾಗಿಯನ್ನು ವರ್ಷಾನುಗಟ್ಟಲೆ ಕೆಡದಂತೆ ಇಡಲು ನೀರು ನಿಲ್ಲದ ಎತ್ತರದ ಗಟ್ಟಿ ನೆಲವನ್ನು ಆರಿಸಿ, ಕಿರಿದಾದ ಬಾಯಿ ಬಿಟ್ಟು, ಒಳಗೆ ವಿಶಾಲವಾಗಿ ತೋಡಿ, ಹುಲ್ಲು ಹಾಸಿ, ಧಾನ್ಯ ತುಂಬಿ, ಬಾಯಿಯನ್ನು ಕಲ್ಲು ಮಣ್ಣುಗಳಿಂದ ಮುಚ್ಚುತ್ತಿದ್ದರು. ಬಾಯಿ ತೆರೆದೊಡನೆ ಯಾರೂ ಒಳಗೆ ಇಳಿಯುತ್ತಿರಲಿಲ್ಲ. ಒಳಗಿನ ಕೆಟ್ಟ ಗಾಳಿ ಹೊರಹೋಗಲು ಬಿಟ್ಟು, ದೀಪವನ್ನು ಕೆಳಗೆ ಇಳಿಸಿ, ಅದು ಆರದಿದ್ದರೆ ಮಾತ್ರ ಇಳಿಯುವುದು ಹಿರಿಯರ ಎಚ್ಚರಿಕೆಯಾಗಿತ್ತು. ನೆಲದೊಳಗಿನ ಕೆಲಸಕ್ಕೆ ಗಾಳಿಯೇ ಮೊದಲ ಸಾಮಗ್ರಿ ಎಂಬುದನ್ನು ಓದು ಬರಹ ತಿಳಿಯದ ರೈತರು ಹೀಗೆ ಅರಿತಿದ್ದರು. ಕಾಸರಗೋಡಿನ ಕನ್ನಡ ನಾಡಿನಲ್ಲಿ ಮುರಕಲ್ಲಿನ ಗುಡ್ಡಗಳಿಗೆ ಅಡ್ಡಲಾಗಿ ಒಬ್ಬಾಳು ಹೋಗುವಷ್ಟು ಅಗಲದ ಸುರಂಗವನ್ನು ಕೈಯಿಂದಲೇ ಕೊರೆದು, ಒಳಗಿನ ಒರತೆಯ ನೀರು ತಾನಾಗಿ ತೋಟಕ್ಕೆ ಹರಿದು ಬರುವಂತೆ ಮಾಡಿಕೊಂಡವರೂ ಇದೇ ಪರಂಪರೆಯವರು. ನೆಲದೊಳಗಿನ ಕಟ್ಟೋಣವು ಪರದೇಶದಿಂದ ಬಂದ ವಿದ್ಯೆ ಎಂದು ನಮ್ಮ ಮಕ್ಕಳು ತಿಳಿಯಬಾರದು.

ಮೂರನೆಯ ಪಾಠ ಮಹಾಭಾರತದ್ದು. ಅರಗಿನ ಮನೆಯಿಂದ ಪಾಂಡವರನ್ನು ಉಳಿಸಿದವನು ವಿದುರನೆಂದು ಎಲ್ಲರೂ ಹೇಳುತ್ತೇವೆ. ವಿದುರ ಬುದ್ಧಿ ಹೇಳಿದ. ಆದರೆ ಕಾವಲುಗಾರರ ಕಣ್ಣು ತಪ್ಪಿಸಿ, ಮನೆಯ ನಡುವೆ ನೆಲಮಟ್ಟಕ್ಕೆ ಹಲಗೆ ಮುಚ್ಚಿ, ಕಾಡಿನವರೆಗೆ ಸುರಂಗ ತೋಡಿದವನು ವಿದುರ ಕಳುಹಿಸಿದ ಒಬ್ಬ ಕೆಲಸಗಾರ. ಕಾವ್ಯ ಅವನನ್ನು ‘ಖನಕ’ ಎಂದಷ್ಟೇ ಕರೆಯುತ್ತದೆ, ಅಗೆಯುವವನು ಎಂದು. ಅವನಿಗೆ ಬೇರೆ ಹೆಸರಿಲ್ಲ. ಈ ಮಾತನ್ನು ಓದುಗರು ನೆನಪಿನಲ್ಲಿ ಇಟ್ಟುಕೊಳ್ಳಬೇಕೆಂದು ಕೋರುತ್ತೇನೆ.

ದೇವಾಲದ ಚಿನ್ನ

ನೀಲಗಿರಿಯ ಒಡಲನ್ನು ದೊಡ್ಡ ಪ್ರಮಾಣದಲ್ಲಿ ಮೊದಲು ಕೊರೆದದ್ದು ಚಿನ್ನದ ಆಸೆ. ಗೂಡಲೂರಿಗೆ ಪಶ್ಚಿಮದ ದೇವಾಲ, ಪಂದಲೂರು ಪ್ರದೇಶದಲ್ಲಿ ಸ್ಥಳೀಯ ಜನರು ಹಳ್ಳದ ಮಣ್ಣನ್ನು ತೊಳೆದು ಚಿನ್ನದ ಹುಡಿ ಆಯುತ್ತಿದ್ದುದು ಬಹು ಹಿಂದಿನಿಂದ ನಡೆದುಬಂದ ಕಾಯಕ. ಬೆಣಚುಕಲ್ಲಿನ ಪದರಗಳನ್ನು ಹಿಂಬಾಲಿಸಿ ಅವರು ತೋಡಿದ ಹಳೆಯ ಗುಂಡಿಗಳೂ ಅಲ್ಲಿದ್ದವು. ಹತ್ತೊಂಬತ್ತನೆಯ ಶತಮಾನದ ಎಪ್ಪತ್ತರ ದಶಕದಲ್ಲಿ ಯುರೋಪಿಯನ್ನರ ಕಣ್ಣು ಆ ಕಡೆ ಬಿತ್ತು. ಆಸ್ಟ್ರೇಲಿಯದ ವಿಕ್ಟೋರಿಯ ಪ್ರಾಂತದಲ್ಲಿ ಗಣಿಗಳ ಅನುಭವ ಪಡೆದಿದ್ದ ಬ್ರೋ ಸ್ಮಿತ್ ಎಂಬ ತಜ್ಞರನ್ನು ಸರ್ಕಾರ 1879ರಲ್ಲಿ ಕರೆಸಿತು. ಅವರ ವರದಿ ಆಶಾದಾಯಕವಾಗಿತ್ತು. ಅದರ ಬೆನ್ನಿಗೇ ಲಂಡನ್ ಪೇಟೆಯಲ್ಲಿ ಕಂಪನಿಗಳು ಅಣಬೆಯಂತೆ ಎದ್ದವು. ಒಂದೆರಡು ವರ್ಷಗಳಲ್ಲಿ ಮೂವತ್ತಕ್ಕೂ ಹೆಚ್ಚು ಕಂಪನಿಗಳು ಹುಟ್ಟಿಕೊಂಡು ಲಕ್ಷಗಟ್ಟಲೆ ಪೌಂಡು ಬಂಡವಾಳ ಘೋಷಿಸಿದವು.

ಗುಡ್ಡದ ಬದಿಯಿಂದ ಅಡ್ಡ ಸುರಂಗಗಳನ್ನೂ ಮೇಲಿನಿಂದ ನೇರ ಬಾವಿಗಳನ್ನೂ ತೋಡಿದರು. ಕಲ್ಲು ಪುಡಿಮಾಡುವ ಯಂತ್ರಗಳನ್ನು ಘಾಟಿಯ ಹಾದಿಯಲ್ಲಿ ಸಾಗಿಸಿ ತಂದರು. ಆದರೆ ಒಂದು ಟನ್ ಕಲ್ಲಿಗೆ ದೊರೆತ ಚಿನ್ನ ಖರ್ಚಿಗೆ ಸಾಕಾಗಲಿಲ್ಲ. ಮಲೇರಿಯ ಬೇರೆ ಜನರನ್ನು ಕಾಡಿತು. ಕೆಲವೇ ವರ್ಷಗಳಲ್ಲಿ ಒಂದಾದ ಮೇಲೊಂದರಂತೆ ಕಂಪನಿಗಳು ಮುಚ್ಚಿದವು. ಅದೇ ದಶಕದಲ್ಲಿ ಕೋಲಾರದಲ್ಲಿ ಚಿನ್ನದ ಪದರ ಕೈಗೆ ಸಿಕ್ಕಿ, ಅಲ್ಲಿನ ಗಣಿ ಮುಂದೆ 3 ಕಿಲೋಮೀಟರಿಗೂ ಮಿಗಿಲಾದ ಆಳಕ್ಕೆ ಇಳಿಯಿತು. ದೇವಾಲದಲ್ಲಿ ಉಳಿದದ್ದು ಬರಿಯ ಬಿಲಗಳು.

ಈ ಅಧ್ಯಾಯದಲ್ಲಿ ಮಕ್ಕಳಿಗೆ ಎರಡು ಬೋಧೆಗಳಿವೆ. ನೆಲದ ಒಳಗನ್ನು ಸರಿಯಾಗಿ ಅರಿಯದೆ ಹಣ ಸುರಿಯುವುದು ಜೂಜಿಗೆ ಸಮಾನ ಎಂಬುದು ಒಂದು. ಇನ್ನೊಂದು ಪ್ರಾಣಕ್ಕೆ ಸಂಬಂಧಿಸಿದ್ದು. ಕೈಬಿಟ್ಟ ಆ ಸುರಂಗಗಳು ಇಂದಿಗೂ ಪೊದೆಗಳ ನಡುವೆ ಬಾಯ್ದೆರೆದಿವೆ. ಆಸೆಯಿಂದಲೋ ಬಡತನದಿಂದಲೋ ಒಳಹೊಕ್ಕು ಮಣ್ಣು ಕುಸಿದು ಸತ್ತವರ ಸುದ್ದಿ ಆಗಾಗ ಪತ್ರಿಕೆಗಳಲ್ಲಿ ಬರುತ್ತದೆ. ಆ ಸೀಮೆಯ ಮಗುವಿಗೆ ಗಣಿಯ ಚರಿತ್ರೆಯನ್ನು ಹೇಳುವುದು ಅದರ ಜೀವವನ್ನು ಕಾಯುವ ಕೆಲಸವೂ ಹೌದು.

ಹದಿನಾರು ಸುರಂಗಗಳು

ಮೆಟ್ಟುಪಾಳ್ಯದಿಂದ ಬೆಟ್ಟಕ್ಕೆ ರೈಲು ಹಾಕುವ ವಿಚಾರ 1854ರಷ್ಟು ಹಿಂದೆಯೇ ಮೊಳೆತಿತ್ತು. ಆದರೆ ಕೆಲಸಕ್ಕೆ ಕೈಹಚ್ಚಿದ್ದು 1891ರಲ್ಲಿ. 1899ರಲ್ಲಿ ರೈಲು ಕೂನೂರನ್ನು ಮುಟ್ಟಿತು, 1908ರಲ್ಲಿ ಉದಕಮಂಡಲಕ್ಕೆ ಬಂದಿತು. ಸುಮಾರು 46 ಕಿಲೋಮೀಟರ್ ಹಾದಿಯಲ್ಲಿ 208 ತಿರುವುಗಳು, 250 ಸೇತುವೆಗಳು, 16 ಸುರಂಗಗಳು. ಸಮುದ್ರಮಟ್ಟದಿಂದ 326 ಮೀಟರ್ ಎತ್ತರದಲ್ಲಿ ಹೊರಡುವ ಬಂಡಿ 2,203 ಮೀಟರಿಗೆ ಏರುತ್ತದೆ. ಕಲ್ಲಾರಿನಿಂದ ಕೂನೂರಿನವರೆಗೆ ಪ್ರತಿ ಹನ್ನೆರಡು ಅಡಿ ಮುಂದೆ ಸಾಗುವಾಗ ಸುಮಾರು ಒಂದು ಅಡಿ ಮೇಲಕ್ಕೆ ಹೋಗಬೇಕು. ಅಲ್ಲಿ ಬರಿಯ ಗಾಲಿ ಜಾರುವುದರಿಂದ ಹಳಿಗಳ ನಡುವೆ ಹಲ್ಲಿನ ಪಟ್ಟಿಗಳನ್ನು ಇಟ್ಟು, ಇಂಜಿನ್ನಿನ ಹಲ್ಲಿನ ಚಕ್ರ ಅದನ್ನು ಕಚ್ಚಿಕೊಂಡು ಏರುವಂತೆ ಮಾಡಿದ್ದಾರೆ. 2005ರಲ್ಲಿ ಯುನೆಸ್ಕೊ ಈ ಮಾರ್ಗವನ್ನು ವಿಶ್ವ ಪರಂಪರೆಯ ಪಟ್ಟಿಗೆ ಸೇರಿಸಿತು.

ಬಂಡಿ ಸುರಂಗವನ್ನು ಹೊಕ್ಕೊಡನೆ ಮಕ್ಕಳು ಕೂಗು ಹಾಕುವುದು ವಾಡಿಕೆ. ಕೂಗಲಿ, ಅದು ಅವರ ಹಕ್ಕು. ಹೊರಗೆ ಬಂದ ಮೇಲೆ ಜೊತೆಯ ಹಿರಿಯರು ಒಂದು ಪ್ರಶ್ನೆ ಕೇಳಬೇಕು: ‘ಈಗ ನಾವು ಹಾದುಬಂದ ಕತ್ತಲೆಯಲ್ಲಿ ಮೊದಲು ಏನಿತ್ತು?’ ಅಲ್ಲಿ ಬಂಡೆ ಇತ್ತು. ನೀಲಗಿರಿಯ ಬುಡದಲ್ಲಿರುವುದು ಚಾರ್ನೊಕೈಟ್ ಎಂಬ ಅತಿ ಗಟ್ಟಿಯಾದ ಪುರಾತನ ಶಿಲೆ. ಅದನ್ನು ಒಡೆದ ಬಗೆಯನ್ನು ಮಕ್ಕಳಿಗೆ ಹಂತ ಹಂತವಾಗಿ ವಿವರಿಸಬಹುದು.

ಮೊದಲು ಮೋಜಣಿದಾರರು ಬೆಟ್ಟದ ಹೊರಮೈ ಮೇಲೆ ಅಳತೆ ಮಾಡಿ ಸುರಂಗದ ಎರಡೂ ಬಾಯಿಗಳನ್ನು ಗುರುತಿಸುತ್ತಾರೆ. ಬಳಿಕ ಬಂಡೆಯ ಮುಖದಲ್ಲಿ ಉಕ್ಕಿನ ಉಳಿಯನ್ನು ಒಬ್ಬ ಹಿಡಿದು ತಿರುಗಿಸುತ್ತ, ಮತ್ತೊಬ್ಬ ಸುತ್ತಿಗೆಯಿಂದ ಬಡಿಯುತ್ತ, ತೋಳುದ್ದದ ರಂಧ್ರಗಳನ್ನು ಕೊರೆಯಬೇಕು. ರಂಧ್ರಗಳಿಗೆ ಸಿಡಿಮದ್ದು ತುಂಬಿ, ಬತ್ತಿಗೆ ಕಿಚ್ಚು ತಾಗಿಸಿ, ಎಲ್ಲರೂ ದೂರ ಓಡಬೇಕು. ಸಿಡಿದ ನಂತರ ಹೊಗೆ ತಿಳಿಯಾಗುವವರೆಗೆ ಕಾಯಬೇಕು. ಅನಂತರದ ಕೆಲಸವೇ ಅತ್ಯಂತ ಅಪಾಯದ್ದು. ನೆತ್ತಿಯಲ್ಲಿ ಸಡಿಲವಾಗಿ ನೇತಾಡುವ ಕಲ್ಲುಗಳನ್ನು ಉದ್ದನೆಯ ಹಾರೆಯಿಂದ ಮೀಟಿ ಕೆಡವಬೇಕು. ಯಾವ ಕಲ್ಲು ಬೀಳುತ್ತದೆ, ಯಾವುದು ನಿಲ್ಲುತ್ತದೆ ಎಂಬುದನ್ನು ತಟ್ಟಿದಾಗ ಬರುವ ಸದ್ದಿನಿಂದ ಅರಿಯಬೇಕು. ಗಟ್ಟಿ ಕಲ್ಲು ಗಂಟೆಯಂತೆ ನುಡಿಯುತ್ತದೆ, ಬಿರುಕುಬಿಟ್ಟದ್ದು ಟೊಳ್ಳು ಸದ್ದು ಕೊಡುತ್ತದೆ. ಪುಡಿಗಲ್ಲನ್ನು ಹೊರಗೆ ಸಾಗಿಸಿ ಮತ್ತೆ ಮೊದಲಿನಿಂದ ಆರಂಭಿಸಬೇಕು. ಇಂತಹ ಒಂದು ಸುತ್ತಿಗೆ ಮುಂದೆ ಸಾಗುವುದು ಕೆಲವು ಅಡಿ ಮಾತ್ರ. ಬಂಡೆ ಮೆತ್ತಗಿರುವ ಕಡೆ ಮರದ ಕಮಾನುಚೌಕಟ್ಟು ನಿಲ್ಲಿಸಿ, ಅದರ ಮೇಲೆ ಎರಡು ಬದಿಗಳಿಂದ ಕಲ್ಲು ಕಟ್ಟುತ್ತ ಬಂದು, ನೆತ್ತಿಯ ಕೊನೆಯ ಕಲ್ಲನ್ನು ಬಿಗಿದ ನಂತರ ಚೌಕಟ್ಟನ್ನು ತೆಗೆಯುತ್ತಾರೆ. ಆಮೇಲೆ ಕಲ್ಲುಗಳು ಒಂದನ್ನೊಂದು ಒತ್ತಿಕೊಂಡು ತಾವೇ ನಿಲ್ಲುತ್ತವೆ. ಗುಬ್ಬಿಗೂಡಿನಿಂದ ಕಾಲನ್ನು ಎಳೆದುಕೊಂಡ ಮಗುವಿಗೆ ಇದು ತಕ್ಷಣ ಅರ್ಥವಾಗುತ್ತದೆ.

ಬಂಡೆಯ ಬದಲು ಹಸಿ ಮಣ್ಣೇ ಇದ್ದರೆ ಏನು ಮಾಡುವುದು ಎಂದು ಜಾಣ ಮಕ್ಕಳು ಕೇಳದೆ ಇರರು. ಲಂಡನ್ನಿನ ಥೇಮ್ಸ್ ನದಿಯ ಅಡಿಯಲ್ಲಿ ಮಾರ್ಕ್ ಬ್ರುನೆಲ್ ಎಂಬ ಎಂಜಿನಿಯರ್ 1825ರಲ್ಲಿ ಆರಂಭಿಸಿದ ಸುರಂಗದ ಕಥೆಯೇ ಅದಕ್ಕೆ ಉತ್ತರ. ಹಡಗಿನ ಮರವನ್ನು ಕೊರೆಯುವ ಹುಳು ತಾನು ಕೊರೆದ ದಾರಿ ಮುಚ್ಚಿಹೋಗದಂತೆ ಅದರ ಒಳಮೈಗೆ ಗಟ್ಟಿ ಲೇಪ ಬಳಿಯುತ್ತ ಮುಂದೆ ಸಾಗುವುದನ್ನು ಗಮನಿಸಿದ ಅವರು, ಕೆಲಸಗಾರರು ಒಳಗೆ ನಿಂತು ಅಗೆಯಬಲ್ಲ ಕಬ್ಬಿಣದ ದೊಡ್ಡ ಗುರಾಣಿಯನ್ನು ರೂಪಿಸಿದರು. ಗುರಾಣಿ ಮುಂದೆ ಸರಿದಂತೆ ಅದರ ಹಿಂದೆ ಇಟ್ಟಿಗೆಯ ಗೋಡೆ ಏಳುತ್ತಿತ್ತು. ಹಲವು ಸಲ ನದಿ ಒಳನುಗ್ಗಿ ಜೀವಹಾನಿಯಾದರೂ ಬಿಡದೆ 1843ರಲ್ಲಿ ಆ ಕೆಲಸ ಮುಗಿಯಿತು. ಬೆಂಗಳೂರಿನ ನಮ್ಮ ಮೆಟ್ರೋಗೆ ನೆಲದಡಿ ದಾರಿ ಕೊರೆದ ಯಂತ್ರಗಳು ಅದೇ ಗುರಾಣಿಯ ಮರಿಮಕ್ಕಳು. ಕಾವೇರಿ, ಕೃಷ್ಣಾ, ಗೋದಾವರಿ ಎಂದು ಅವುಗಳಲ್ಲಿ ಕೆಲವಕ್ಕೆ ನದಿಗಳ ಹೆಸರಿಟ್ಟರು. 2016ರಲ್ಲಿ ಅಲ್ಲಿನ ಮೊದಲ ನೆಲದಡಿ ಮಾರ್ಗ ಜನರಿಗೆ ತೆರೆಯಿತು. ಯಂತ್ರದ ಹೆಸರು ಮಕ್ಕಳ ಬಾಯಲ್ಲಿದೆ, ಸಂತೋಷ. ಯಂತ್ರ ನಡೆಸಿದವರ ಹೆಸರು?

ನೀರು ನಡೆದ ಹಾದಿ

ನೀಲಗಿರಿಯ ದೊಡ್ಡ ಸುರಂಗಗಳು ಮನುಷ್ಯರ ಓಡಾಟಕ್ಕಾಗಿ ಆದವಲ್ಲ, ನೀರಿಗಾಗಿ ಆದವು. 1929ರಲ್ಲಿ ಆರಂಭವಾದ ಪೈಕಾರ ವಿದ್ಯುತ್ ಯೋಜನೆ 1932ರಲ್ಲಿ ಕಾರ್ಯಾರಂಭ ಮಾಡಿತು. ಮೇಲೆ ಗ್ಲೆನ್‌ಮಾರ್ಗನ್‌ನಿಂದ ಕೆಳಗೆ ಸಿಂಗಾರಕ್ಕೆ ನೀರು ಉಕ್ಕಿನ ಕೊಳವೆಗಳಲ್ಲಿ ಸುಮಾರು 3,000 ಅಡಿ ಧುಮುಕುತ್ತದೆ. ಈ ಅಂಕೆಯ ಅರ್ಥವನ್ನು ಮಕ್ಕಳಿಗೆ ಹೀಗೆ ತಿಳಿಸಬಹುದು. ಹತ್ತು ಮೀಟರ್ ಎತ್ತರದ ನೀರು ಒಂದು ಚದರ ಸೆಂಟಿಮೀಟರ್ ಜಾಗವನ್ನು ಸುಮಾರು ಒಂದು ಕಿಲೋ ಭಾರದಿಂದ ಒತ್ತುತ್ತದೆ. 900 ಮೀಟರ್ ಎತ್ತರದ ನೀರು, ಹೆಬ್ಬೆರಳ ಉಗುರಿನಷ್ಟು ಜಾಗದ ಮೇಲೆ ಸುಮಾರು 90 ಕಿಲೋ, ಎಂದರೆ ಒಂದು ಭರ್ತಿ ಭತ್ತದ ಮೂಟೆಯ ಭಾರ ಹೇರುತ್ತದೆ. ಆ ರಭಸದ ನೀರು ಚಕ್ರವನ್ನು ತಿರುಗಿಸಿದಾಗ ವಿದ್ಯುತ್ ಹುಟ್ಟುತ್ತದೆ. ಪೈಕಾರದ ವಿದ್ಯುತ್ತು ಕೊಯಮತ್ತೂರಿನ ಗಿರಣಿಗಳನ್ನು ಬೆಳೆಸಿತು. ಪೈಕಾರದಿಂದ ಹೊರಬಿದ್ದ ಅದೇ ನೀರನ್ನು ಮಸಿನಗುಡಿಯ ಮರವಕಂಡಿಯಲ್ಲಿ ತಡೆದು, ಮತ್ತೊಮ್ಮೆ ಕೆಳಗಿಳಿಸಿ, 1952ರಲ್ಲಿ ಮೋಯಾರ್ ವಿದ್ಯುದಾಗಾರವನ್ನು ನಡೆಸತೊಡಗಿದರು.

ಸ್ವಾತಂತ್ರ್ಯಾನಂತರದ ಕುಂದಾ ಯೋಜನೆ ಇದಕ್ಕಿಂತಲೂ ಹಿರಿದು. ಕೊಲಂಬೊ ಯೋಜನೆಯ ಅಡಿಯಲ್ಲಿ ಕೆನಡಾ ದೇಶದ ನೆರವು ಪಡೆದು ಕೈಗೊಂಡ ಈ ಕೆಲಸದ ಮೊದಲ ಹಂತ 1960ರ ವೇಳೆಗೆ ಫಲ ಕೊಟ್ಟಿತು. ಅಪ್ಪರ್ ಭವಾನಿ, ಅವಲಾಂಚಿ, ಎಮರಾಲ್ಡ್, ಪೋರ್ತಿಮಂದು, ಪಾರ್ಸನ್ಸ್ ಕಣಿವೆ ಮೊದಲಾದ ಜಲಾಶಯಗಳನ್ನೂ ವಿದ್ಯುದಾಗಾರಗಳನ್ನೂ ಸುರಂಗಗಳ ಸರಪಣಿ ಹೆಣೆದಿದೆ. ಪ್ರವಾಸಿಗರು ಎಮರಾಲ್ಡ್ ಜಲಾಶಯದ ನೀಲಿಯನ್ನು ಕಂಡು ಮೆಚ್ಚುತ್ತಾರೆ. ಆ ನೀರು ಬೆಟ್ಟದ ಒಳಗೆ ಹಾದು ಹೋಗುವ ದಾರಿಯನ್ನು ಯಾರೂ ಕಾಣರು. ಅಲ್ಲಿ ಈಗ 500 ಮೆಗಾವಾಟ್ ಸಾಮರ್ಥ್ಯದ ಮತ್ತೊಂದು ಯೋಜನೆ ನೆಲದೊಳಗೆ ರೂಪುಗೊಳ್ಳುತ್ತಿದೆ. ವಿದ್ಯುತ್ತಿಗೆ ಬೇಡಿಕೆ ಕಡಿಮೆ ಇರುವ ಹೊತ್ತಿನಲ್ಲಿ ನೀರನ್ನು ಅವಲಾಂಚಿ-ಎಮರಾಲ್ಡಿನಿಂದ ಪೋರ್ತಿಮಂದಿಗೆ ಎತ್ತಿಹಾಕಿ, ಬೇಡಿಕೆ ಹೆಚ್ಚಿದಾಗ ಕೆಳಗೆ ಬಿಡುವುದು ಅದರ ಕ್ರಮ.

ಸಿಂಗಾರದ ಪೈಕಾರ ಅಂತಿಮ ಹಂತದ ವಿದ್ಯುದಾಗಾರವಂತೂ ಮಕ್ಕಳ ಕಲ್ಪನೆಗೆ ಹಬ್ಬ. 50 ಮೆಗಾವಾಟಿನ ಮೂರು ಯಂತ್ರಗಳು, ಒಟ್ಟು 150 ಮೆಗಾವಾಟ್. ಇಡೀ ಯಂತ್ರಶಾಲೆ ಬಂಡೆಯೊಳಗೆ ಕೊರೆದ ಗುಹೆಯಲ್ಲಿದೆ. 2005ರಲ್ಲಿ ಇದು ಕೆಲಸ ಆರಂಭಿಸಿತು. ಇದಕ್ಕೂ ಮುನ್ನ ಕರ್ನಾಟಕದಲ್ಲಿ ವಾರಾಹಿ ವಿದ್ಯುದಾಗಾರವನ್ನೂ ಹೀಗೆಯೇ ನೆಲದೊಳಗೆ ಕಟ್ಟಿದ್ದರು. ಒಳಗೇಕೆ ಕಟ್ಟಬೇಕು? ಕೊಳವೆಯ ಸುತ್ತಲೂ ಬಂಡೆ ಇದ್ದರೆ ನೀರಿನ ಒತ್ತಡದಲ್ಲಿ ಒಂದು ಪಾಲನ್ನು ಬಂಡೆಯೇ ಹೊರುತ್ತದೆ. ಕಡಿದಾದ ಇಳಿಜಾರಿನಲ್ಲಿ ಕಟ್ಟಡಕ್ಕೆ ಸಮತಟ್ಟಾದ ಜಾಗ ಹುಡುಕುವ ತೊಂದರೆಯೂ ಇಲ್ಲ. ಆದರೆ ಗುಹೆ ಕೊರೆಯುವಾಗ ಉಳಿದ ಬಂಡೆಯ ಬಿರುಕುಗಳು ಜಾರದಂತೆ ಉದ್ದವಾದ ಉಕ್ಕಿನ ಸರಳುಗಳನ್ನು ಒಳಗೆ ಹುಗಿದು ಬಿಗಿಯಬೇಕು, ಮೇಲೆ ಸಿಮೆಂಟಿನ ಗಾರೆಯನ್ನು ರಭಸದಿಂದ ಸಿಂಪಡಿಸಿ ಮೆತ್ತಬೇಕು. ಹರಿದ ಬಟ್ಟೆಗೆ ಹೊಲಿಗೆ ಹಾಕಿದಂತೆ ಎಂದರೆ ಮಕ್ಕಳಿಗೆ ಮನದಟ್ಟಾದೀತು.

ಸಿಂಗಾರಕ್ಕೂ ನಮ್ಮ ಕೋಲಾರಕ್ಕೂ ಒಂದು ವಿಚಿತ್ರ ನಂಟಿದೆ. ಕೋಲಾರದ ಗಣಿಯಲ್ಲಿ ಎರಡು ಕಿಲೋಮೀಟರಿಗೂ ಹೆಚ್ಚಿನ ಆಳದಲ್ಲಿ ವಿಜ್ಞಾನಿಗಳು 1965ರಲ್ಲಿ ವಾತಾವರಣದಿಂದ ಬರುವ ನ್ಯೂಟ್ರಿನೊ ಎಂಬ ಸೂಕ್ಷ್ಮ ಕಣಗಳ ಸುಳಿವನ್ನು ಕಂಡರು. ಮೇಲಿನ ಬಂಡೆ ಬೇರೆ ಕಣಗಳನ್ನು ತಡೆದು ಇವನ್ನು ಮಾತ್ರ ಒಳಗೆ ಬಿಡುತ್ತಿದ್ದುದೇ ಅದಕ್ಕೆ ಕಾರಣ. 2001ರಲ್ಲಿ ಆ ಗಣಿ ಮುಚ್ಚಿತು. ಅಂತಹ ಸಂಶೋಧನೆಗೆ ಹೊಸ ನೆಲೆ ಹುಡುಕಿದವರು ಮೊದಲು ಆರಿಸಿದ್ದು ಸಿಂಗಾರವನ್ನು. ವಿದ್ಯುದಾಗಾರಕ್ಕಾಗಿ ಕೊರೆದ ಸುರಂಗಗಳಿಂದ ಅಲ್ಲಿನ ಶಿಲೆಯ ಗುಣ ಚೆನ್ನಾಗಿ ತಿಳಿದುಬಂದಿತ್ತು. ಆದರೆ ಆ ಜಾಗ ಮುದುಮಲೈ ಹುಲಿ ಸಂರಕ್ಷಿತ ಪ್ರದೇಶಕ್ಕೆ ಅಂಟಿಕೊಂಡಿದೆ, ಆನೆಗಳ ದಾರಿಯಲ್ಲಿದೆ. 2009ರಲ್ಲಿ ಕೇಂದ್ರ ಪರಿಸರ ಸಚಿವಾಲಯ ಅನುಮತಿ ನಿರಾಕರಿಸಿತು. ಯೋಜನೆ ತೇನಿ ಜಿಲ್ಲೆಯ ಕಡೆಗೆ ಹೋಯಿತು. ಬೆಟ್ಟವನ್ನು ಕೊರೆಯುವ ಶಕ್ತಿ ಬಂದ ಮೇಲೂ ಕೊರೆಯಬೇಕೆ, ಬೇಡವೆ ಎಂದು ಕೇಳಿಕೊಳ್ಳಬೇಕಾಗುತ್ತದೆ ಎಂಬುದಕ್ಕೆ ಇದೊಂದು ಉತ್ತಮ ಪಾಠ. ಒಳಗೆ ತೆಗೆದ ಕಲ್ಲೆಲ್ಲ ಹೊರಗೆ ಎಲ್ಲಿಯಾದರೂ ಬೀಳಲೇಬೇಕು. ಅದು ಯಾರ ದಾರಿಯ ಮೇಲೆ ಬೀಳುತ್ತದೆ ಎಂದು ಕೇಳುವುದನ್ನೂ ಮಕ್ಕಳು ಕಲಿಯಬೇಕು.

ಮಣ್ಣು ಹೇಳುವ ಎಚ್ಚರಿಕೆ

ಈ ತಿಳಿವಳಿಕೆ ಕುತೂಹಲಕ್ಕಷ್ಟೇ ಬೇಕಾದದ್ದಲ್ಲ. ನಮ್ಮ ಬೆಟ್ಟಗಳಲ್ಲಿ ಒಳಗೆ ಗಟ್ಟಿ ಬಂಡೆ, ಮೇಲೆ ಅದೇ ಬಂಡೆ ಯುಗಯುಗಗಳಿಂದ ಕೊಳೆತು ಆದ ದಪ್ಪನೆಯ ಕೆಮ್ಮಣ್ಣು. ಸುರಂಗ ಕೊರೆದವರು ಬಂಡೆಯನ್ನು ಹುಡುಕಿಕೊಂಡು ಹೋದರು. ಮನೆ ಕಟ್ಟುವ ನಾವು ಮಣ್ಣಿನ ಮೇಲೆಯೇ ನಿಂತಿದ್ದೇವೆ. ಮಳೆ ಹಿಡಿದಾಗ ನೀರು ಮಣ್ಣಿನೊಳಗೆ ಇಳಿದು ಬಂಡೆಯ ಮೈ ಮೇಲೆ ತಡೆದು ನಿಲ್ಲುತ್ತದೆ, ಮಣ್ಣು ತೊಯ್ದು ಭಾರವಾಗಿ ಜಾರುತ್ತದೆ. 1978ರಲ್ಲಿಯೂ 1993ರಲ್ಲಿಯೂ ಹೀಗಾಯಿತು. 2009ರ ನವೆಂಬರಿನಲ್ಲಿ ನಲವತ್ತಕ್ಕೂ ಹೆಚ್ಚು ಮಂದಿ ಪ್ರಾಣ ಕಳೆದುಕೊಂಡರು, ರೈಲು ಹಾದಿಯೂ ಕೊಚ್ಚಿಹೋಯಿತು.

ಊಟಿಯ ಯಾವ ರಸ್ತೆಯಲ್ಲಿ ನಡೆದರೂ ಮಣ್ಣು ತಡೆಯುವ ಕಲ್ಲಿನ ಗೋಡೆ ಕಾಣುತ್ತದೆ. ಅದರಲ್ಲಿ ಅಲ್ಲಲ್ಲಿ ಸಣ್ಣ ಕಂಡಿಗಳಿರುತ್ತವೆ. ಹಿಂದಿನ ಮಣ್ಣಿನ ನೀರು ಹೊರಬರಲು ಬಿಟ್ಟ ದಾರಿ ಅದು. ಆ ಕಂಡಿಗೆ ಕಸ ತುರುಕಿದರೆ ಅಥವಾ ಅಂದಕ್ಕಾಗಿ ಸಿಮೆಂಟು ಮೆತ್ತಿದರೆ ನೀರು ಒಳಗೇ ನಿಂತು ಗೋಡೆಯನ್ನು ನೂಕುತ್ತದೆ. ಶಾಲೆಗೆ ಹೋಗುವ ದಾರಿಯಲ್ಲಿ ಇಂತಹ ಕಂಡಿಗಳನ್ನು ಎಣಿಸಿ, ಎಷ್ಟು ತೆರೆದಿವೆ, ಎಷ್ಟು ಮುಚ್ಚಿವೆ ಎಂದು ಬರೆದುಕೊಂಡು ಬರಲು ನಾನು ವಿದ್ಯಾರ್ಥಿಗಳಿಗೆ ಹೇಳುತ್ತಿದ್ದೆನು. ಮಳೆಗಾಲ ಬರುವ ಮುನ್ನ ತಮ್ಮ ಮನೆಯ ಹಿಂದಿನ ಗೋಡೆಯ ಕಂಡಿಗಳನ್ನು ತಾವೇ ಕಡ್ಡಿಯಿಂದ ಬಿಡಿಸಿದ ಮಕ್ಕಳು ಅವರಲ್ಲಿದ್ದರು. ಪರೀಕ್ಷೆಯಲ್ಲಿ ಇದಕ್ಕೆ ಅಂಕವಿಲ್ಲ. ಆದರೆ ಕಟ್ಟುವ ವಿದ್ಯೆಯ ತಿರುಳು ಅವರಿಗೆ ದಕ್ಕಿತ್ತೆಂದು ನಾನು ಬಲ್ಲೆ.

ಖನಕನ ಹೆಸರು

ಇಷ್ಟೆಲ್ಲ ಹೇಳಿದ ಮೇಲೆ ಮಹಾಭಾರತದ ಆ ಅಗೆಯುವವನ ಮಾತಿಗೆ ಬರಬೇಕು. ದೇವಾಲದ ಗಣಿಗಳ ಬಗ್ಗೆ ಓದಿದರೆ ಕಂಪನಿಗಳ ಹೆಸರೂ ಬಂಡವಾಳದ ಲೆಕ್ಕವೂ ದೊರೆಯುತ್ತವೆ. ರೈಲಿನ ಬಗ್ಗೆ ಓದಿದರೆ ಎಂಜಿನಿಯರುಗಳ, ಗವರ್ನರುಗಳ ಹೆಸರು ಸಿಗುತ್ತವೆ. ಅಣೆಕಟ್ಟಿನ ಬಳಿ ಉದ್ಘಾಟಕರ ಹೆಸರಿನ ಕಲ್ಲು ನಿಂತಿರುತ್ತದೆ. ಉಳಿ ಹಿಡಿದು ತಿರುಗಿಸಿದವನು, ಬತ್ತಿಗೆ ಕಿಚ್ಚಿಟ್ಟು ಕೊನೆಯವನಾಗಿ ಓಡಿದವನು, ನೆತ್ತಿಯ ಕಲ್ಲಿನ ಸದ್ದಿಗೆ ಕಿವಿಗೊಟ್ಟವನು, ಪುಡಿಗಲ್ಲಿನ ಬುಟ್ಟಿ ಹೊತ್ತ ಹೆಂಗಸು, ಇವರ ಹೆಸರುಗಳನ್ನು ಹುಡುಕಿದರೆ ಸಿಗುವುದಿಲ್ಲ.

2023ರ ನವೆಂಬರಿನಲ್ಲಿ ಉತ್ತರಾಖಂಡದ ಸಿಲ್ಕ್ಯಾರ ಸುರಂಗ ಕುಸಿದು 41 ಕಾರ್ಮಿಕರು ಒಳಗೆ ಸಿಲುಕಿದರು. 17 ದಿನ ದೇಶವೆಲ್ಲ ಅವರಿಗಾಗಿ ಪ್ರಾರ್ಥಿಸಿತು. ದೊಡ್ಡ ಕೊರೆಯುವ ಯಂತ್ರ ಮುರಿದುಹೋದಾಗ, ಇಲಿಬಿಲದಂತಹ ಕಿರುದಾರಿಯಲ್ಲಿ ತೆವಳಿ ಕೈಯಿಂದ ಅಗೆಯುವ ಕೆಲಸಗಾರರು ಕೊನೆಯ ಕೆಲವು ಮೀಟರುಗಳನ್ನು ತೆರವು ಮಾಡಿದರು. ಎಲ್ಲರೂ ಬದುಕಿ ಹೊರಬಂದರು. ಸುರಂಗ ಕೊರೆಯುವವರು ಮನುಷ್ಯರು, ಅವರಿಗೂ ಮನೆ ಮಕ್ಕಳು ಇದ್ದಾರೆ ಎಂಬುದು ದೇಶಕ್ಕೆ ಆಗ ನೆನಪಾಯಿತು. ಅವರನ್ನು ನೆನೆಯಲು ಬೆಟ್ಟವೇ ಕುಸಿಯಬೇಕೆ?

ಕುಂದಾ ಯೋಜನೆಯ ಮೊದಲ ಹಂತದಲ್ಲಿ ಇಪ್ಪತ್ತು ವರ್ಷದ ತರುಣರಾಗಿದ್ದವರಿಗೆ ಈಗ ಎಂಬತ್ತೈದರ ಆಚೆಗಿನ ವಯಸ್ಸು. ಸಿಂಗಾರದ ಗುಹೆಯಲ್ಲಿ ದುಡಿದವರು ನಮ್ಮ ನಡುವೆ ಇನ್ನೂ ಇದ್ದಾರೆ. ಮಸಿನಗುಡಿ, ಗೂಡಲೂರು, ಕುಂದಾ ಕಡೆಯ ಮನೆಗಳಲ್ಲಿ ಕೇಳಿದರೆ ಅಜ್ಜನೊಬ್ಬ, ಮಾವನೊಬ್ಬ ಸಿಕ್ಕಾರು. ಅವರಲ್ಲಿ ಕನ್ನಡಿಗರೂ ಬಡಗರೂ ತಮಿಳರೂ ಮಲೆಯಾಳಿಗಳೂ ಇದ್ದಾರು, ಕತ್ತಲೆಯಲ್ಲಿ ಒಂದೇ ದೀಪದ ಬೆಳಕಿನಲ್ಲಿ ದುಡಿದವರಿಗೆ ಭಾಷೆ ಅಡ್ಡಬಂದಿರಲಾರದು. ಈ ಸಮ್ಮೇಳನದ ಸಂದರ್ಭದಲ್ಲಿ ನಮ್ಮ ಸಂಘದ ಮುಂದೆ ಮೂರು ಬಿನ್ನಹಗಳನ್ನು ಇಡಬಯಸುತ್ತೇನೆ.

ಮೊದಲನೆಯದಾಗಿ, ನಮ್ಮ ಮಕ್ಕಳು ರಜಾದಿನಗಳಲ್ಲಿ ಈ ಹಿರಿಯರ ಬಳಿಗೆ ಹೋಗಿ, ಹೆಸರು, ಊರು, ಮಾಡಿದ ಕೆಲಸ, ಪಡೆದ ಕೂಲಿ, ಕಂಡ ಅಪಾಯ ಇವನ್ನು ಒಂದು ನೋಟುಪುಸ್ತಕದಲ್ಲಿ ಬರೆದು ತರುವಂತೆ ಮಾಡಬೇಕು. ಮುಂದಿನ ಸಂಚಿಕೆಯಲ್ಲಿ ಅವನ್ನು ಮಕ್ಕಳ ಹೆಸರಿನೊಂದಿಗೇ ಅಚ್ಚು ಹಾಕಬೇಕು. ಎರಡನೆಯದಾಗಿ, ಸುರಂಗ, ಗಣಿ, ಕಮಾನು, ಹಗೇವು, ಒರತೆ, ಉಳಿ, ಹಾರೆ, ಸಿಡಿಮದ್ದು ಇಂತಹ ಕಟ್ಟುವ ಕೆಲಸದ ಮಾತುಗಳನ್ನು ಮಕ್ಕಳ ಬಾಯಲ್ಲಿ ಉಳಿಸಬೇಕು. ಇಲ್ಲಿನ ಮಕ್ಕಳು ತಮಿಳು ಅಥವಾ ಇಂಗ್ಲಿಷ್ ಮಾಧ್ಯಮದಲ್ಲಿ ಓದುತ್ತಾರೆ. ಹಾಡು, ಕತೆಗಳ ಕನ್ನಡ ಮನೆಯಲ್ಲಿ ಹೇಗೋ ಉಳಿದೀತು. ಕೆಲಸದ ಕನ್ನಡವನ್ನು ಬಳಸದೆ ಹೋದರೆ ಅದು ಮೊದಲು ಮರೆಯಾಗುತ್ತದೆ. ಮೂರನೆಯದಾಗಿ, ವರ್ಷಕ್ಕೊಮ್ಮೆ ಮಕ್ಕಳನ್ನು ಕೂನೂರಿನಿಂದ ಕಲ್ಲಾರಿನವರೆಗೆ ರೈಲಿನಲ್ಲಿ ಕರೆದೊಯ್ದು, ಸುರಂಗಗಳನ್ನು ಎಣಿಸಿ, ಪ್ರತಿಯೊಂದರ ಕಮಾನನ್ನೂ ನೋಡಿ ಅದರ ಚಿತ್ರ ಬರೆಯುವಂತೆ ಮಾಡಬೇಕು.

ಈ ಮೂರಕ್ಕೂ ಹೆಚ್ಚಿನ ಹಣ ಬೇಕಿಲ್ಲ. ಮೊದಲನೆಯದಕ್ಕೆ ಮಾತ್ರ ಕಾಲಾವಕಾಶ ಕಡಿಮೆ. ಆ ಹಿರಿಯರ ವಯಸ್ಸನ್ನು ನೆನೆದು, ಬರುವ ಬೇಸಿಗೆ ರಜೆಯಲ್ಲಿಯೇ ಅದನ್ನು ಆರಂಭಿಸಬೇಕೆಂದು ಸಂಘದ ಪದಾಧಿಕಾರಿಗಳಲ್ಲಿಯೂ ತಾಯಿತಂದೆಯರಲ್ಲಿಯೂ ವಿನಂತಿಸುತ್ತೇನೆ.